ಬೀರುವಿನೊಳಗಿನ ಬೆಂಗಳೂರು

ಹಲಸೂರಿನ ಗಲ್ಲಿಗಳಲ್ಲಿ, ಶಿವಾಜಿನಗರದ ಹಳೆಯ ಮಹಡಿ ಮನೆಗಳಲ್ಲಿ ಬಟ್ಟೆಬರೆಗಲ್ಲದ ಬೀರುಗಳೂ ಇರುತ್ತವೆ. ಬಾಗಿಲು ತೆರೆದರೆ ಸಾಲುಸಾಲು ಕ್ಯಾಸೆಟ್ಟುಗಳು: ವಿಎಚ್‌ಎಸ್, ಯು-ಮ್ಯಾಟಿಕ್, ಮಿನಿ ಡಿವಿ. ಕೆಳಗಿನ ಖಾನೆಯಲ್ಲಿ ಸೂಪರ್ 8 ರೀಲಿನ ಡಬ್ಬಿಗಳು. ಮುಚ್ಚಳ ಎತ್ತಿದೊಡನೆ ವಿನೆಗರಿನ ಹುಳಿ ವಾಸನೆ ಮೂಗಿಗೆ ಬಡಿದರೆ, ಅಸಿಟೇಟ್ ಫಿಲ್ಮು ಹಾಳಾಗತೊಡಗಿದೆ ಎಂದರ್ಥ.

ಬೀರುವಿನ ಒಡೆಯರು ಒಂದು ಕಾಲಕ್ಕೆ ಮದುವೆ ವಿಡಿಯೊ ತೆಗೆದವರು, ಸುದ್ದಿಗಾಗಿ ಕ್ಯಾಮೆರಾ ಹೊತ್ತು ಓಡಿದವರು. ಈಗ ಸಾಕ್ಷ್ಯಚಿತ್ರದವರು, ಟಿ.ವಿ. ವಾಹಿನಿಯವರು ಅವರನ್ನು ಹುಡುಕಿಕೊಂಡು ಬರುತ್ತಾರೆ.

“ಸರ್, ಮೆಟ್ರೊ ಬರೋಕೆ ಮುಂಚಿನ ಎಂ.ಜಿ. ರೋಡ್ ಇದೆಯಾ? ಬೆಂಕಿ ಬೀಳೋಕೆ ಮುಂಚಿನ ರಸೆಲ್ ಮಾರ್ಕೆಟ್?”

ಬೈಯಪ್ಪನಹಳ್ಳಿಯಿಂದ ಎಂ.ಜಿ. ರಸ್ತೆಗೆ ಮೊದಲ ಮೆಟ್ರೊ ಓಡಿದ್ದು 2011ರ ಅಕ್ಟೋಬರ್ 20ರಂದು. ರಸೆಲ್ ಮಾರುಕಟ್ಟೆಗೆ ಬೆಂಕಿ ಬಿದ್ದದ್ದು 2012ರಲ್ಲಿ. 1936ರ ಪ್ಲಾಜಾ ಚಿತ್ರಮಂದಿರ ಮೆಟ್ರೊಗೆ ಜಾಗ ಬಿಟ್ಟುಕೊಟ್ಟಿತು. ಇಂದಿರಾನಗರದ ಸಿ.ಎಂ.ಎಚ್. ರಸ್ತೆಯ ನೆತ್ತಿಯ ಮೇಲೆ ಕಾಂಕ್ರೀಟು ಹರಡಿತು. 2023ರಲ್ಲಿ ಹಳಿ ಕೆ.ಆರ್. ಪುರವನ್ನೂ ತಲುಪಿತು.

ಮೆಟ್ರೊಗೂ ಹಿಂದಿನ ಬೀದಿ ಬೇಕೆಂದರೆ ಮದುವೆ ಕ್ಯಾಸೆಟ್ಟು ಹಾಕಬೇಕು. ಪ್ಲೇಯರಿನ ಹೆಡ್ ಒರೆಸಿ ಕ್ಯಾಸೆಟ್ಟು ತುರುಕಿದರೆ ಪರದೆಯ ಮೇಲೆ ಗೆರೆಗಳು ಕುಣಿದು, ಬಣ್ಣ ಕದಡಿ, ಮೆಲ್ಲಗೆ ಚಿತ್ರ ನಿಲ್ಲುತ್ತದೆ. ಕ್ಯಾಮೆರಾದ ಕಣ್ಣು ಮದುಮಗನ ಮೇಲೆ. ಕೊಳ್ಳುವವರ ಕಣ್ಣು ಅವನ ಬೆನ್ನ ಹಿಂದೆ. ಅಲ್ಲಿ ಮರದ ನೆರಳಿದೆ, ಅಂಗಡಿ ಬೋರ್ಡಿದೆ, ಸಿನಿಮಾ ಪೋಸ್ಟರಿದೆ. ಬಿ.ಟಿ.ಎಸ್. ಎಂದು ಬರೆದ ಬಸ್ಸು ಹಾದುಹೋದರೆ ಕಾಲವೂ ಅಂದಾಜಿಗೆ ಸಿಗುತ್ತದೆ: ಬಿ.ಟಿ.ಎಸ್. ಹೋಗಿ ಬಿ.ಎಂ.ಟಿ.ಸಿ. ಹುಟ್ಟಿದ್ದು 1997ರಲ್ಲಿ. ಸೆಪ್ಟೆಂಬರ್ 8ರ ಸಂತ ಮೇರಿಯ ತೇರನ್ನು ಚಿತ್ರಿಸಿದವರಿಗೆ ತೇರಿನ ಜೊತೆಗೆ ಇಡೀ ಶಿವಾಜಿನಗರವೇ ಸಿಕ್ಕಿಬಿಟ್ಟಿರುತ್ತದೆ.

ಐವತ್ತಡಿಯ ಸೂಪರ್ 8 ರೀಲು ಸೆಕೆಂಡಿಗೆ 18 ಫ್ರೇಮಿನಂತೆ ಓಡಿದರೆ ಮೂರು ನಿಮಿಷ ಇಪ್ಪತ್ತು ಸೆಕೆಂಡಿಗೆ ಮುಗಿಯುತ್ತದೆ. ಅದರಲ್ಲಿ ಸಾಕ್ಷ್ಯಚಿತ್ರಕ್ಕೆ ಬೇಕಾಗುವುದು ಹತ್ತು ಸೆಕೆಂಡಿರಬಹುದು. ಆ ಹತ್ತು ಸೆಕೆಂಡಿಗಾಗಿ ಈ ಜನ ಮೂವತ್ತು ವರ್ಷ ಧೂಳು ಒರೆಸಿದ್ದಾರೆ, ಬೂಷ್ಟು ಬಿಡಿಸಿದ್ದಾರೆ, ಮನೆ ಬದಲಿಸುವಾಗ ಪಾತ್ರೆಪಗಡಿಗಿಂತ ಮೊದಲು ಡಬ್ಬಿಗಳನ್ನು ಸಾಗಿಸಿದ್ದಾರೆ. ಚಿತ್ರದ ಕೊನೆಯಲ್ಲಿ ಓಡುವ ಹೆಸರುಗಳಲ್ಲಿ ಅವರದೂ ಇರಬೇಕಾದದ್ದು ನ್ಯಾಯ.

ಕಾದಿಡದಿದ್ದರೆ ಇಡೀ ಚಿತ್ರವೇ ಕಳೆದುಹೋಗಬಹುದು: ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ (1934) ಒಂದು ಪ್ರತಿಯೂ ಉಳಿಯದೆ ಹೋಯಿತು. ಗಿರೀಶ ಕಾಸರವಳ್ಳಿಯವರ ‘ಘಟಶ್ರಾದ್ಧ’ (1977) ಮಾತ್ರ ಫಿಲ್ಮ್ ಹೆರಿಟೇಜ್ ಫೌಂಡೇಶನ್ನಿನ ಆರೈಕೆಯಲ್ಲಿ ಮರುಜೀವ ಪಡೆದು 2024ರಲ್ಲಿ ವೆನಿಸ್ ಚಿತ್ರೋತ್ಸವದ ಪರದೆ ಏರಿತು. ಹೆಸರಾಂತ ಚಿತ್ರಕ್ಕೆ ಇಂಥ ಕಾಪು ಎಂದಾದರೂ ದೊರೆತೀತು. ಹಲಸೂರಿನ ಒಂದು ಸಂಜೆಗೆ, ದಂಡು ಪ್ರದೇಶದ ಒಂದು ಬೀದಿಗೆ, ಅದನ್ನು ಚಿತ್ರಿಸಿ ಇಟ್ಟುಕೊಂಡವರೇ ಕಾವಲು.

ನಿಮ್ಮ ಮನೆಯಲ್ಲೂ ಅಂಥದೊಂದು ಕ್ಯಾಸೆಟ್ಟು ಇದ್ದರೆ ಗುಜರಿಗೆ ಹಾಕಬೇಡಿ. ಪ್ಲೇಯರು ಸಿಗುತ್ತಿರುವಾಗಲೇ ಡಿಜಿಟಲ್ ಪ್ರತಿ ಮಾಡಿಸಿ. ಡಬ್ಬಿಯ ಮೇಲೆ ಊರು, ಬೀದಿ, ಇಸವಿ, ತೆಗೆದವರ ಹೆಸರು ಬರೆಯಿರಿ. ನೆನಪಿರುವ ಹಿರಿಯರು ಮನೆಯಲ್ಲಿರುವಾಗಲೇ ಕೇಳಿ ಬರೆಯಿರಿ.