ತುಟಿ ಒಬ್ಬರದು, ದನಿ ಒಬ್ಬರದು

ಕೊಣ್ಣೂರದ ಬಳಿ ಹರಿಯುವ ಘಟಪ್ರಭೆ ಮುಂದೆ ಬೀಳಗಿ ಸೀಮೆಯನ್ನು ಹಾಯುತ್ತದೆ. ಆ ಬೀಳಗಿಯ ಅಮೀರಬಾಯಿ ಕರ್ನಾಟಕಿ 1934ರಲ್ಲಿ ‘ವಿಷ್ಣುಭಕ್ತಿ’ ಚಿತ್ರದ ಮೂಲಕ ತೆರೆಗೆ ಬಂದರು.

ಮೊದಲ ವಾಕ್‌ಚಿತ್ರಗಳಲ್ಲಿ ನಟಿ ಕ್ಯಾಮೆರಾದ ಎದುರಿಗೇ ಹಾಡಬೇಕಿತ್ತು. ಮೈಕು ದೃಶ್ಯದಲ್ಲಿ ಕಾಣಬಾರದು, ಬಾಯಿಂದ ದೂರವೂ ಇರಬಾರದು. ವಾದ್ಯದವರು ಮರೆಯಲ್ಲಿ ಕೂರಬೇಕು. ಆದ್ದರಿಂದ ರೂಪ, ಅಭಿನಯ, ಕಂಠ ಮೂರೂ ಒಬ್ಬರಲ್ಲೇ ಬೇಕಾಗಿದ್ದವು. 1935ರಲ್ಲಿ ಕಲ್ಕತ್ತೆಯ ನ್ಯೂ ಥಿಯೇಟರ್ಸ್ ಹಿನ್ನೆಲೆ ಗಾಯನ ಬಳಸಿತು. ಹಾಡನ್ನು ಮೊದಲೇ ಧ್ವನಿಮುದ್ರಿಸಿ, ಚಿತ್ರೀಕರಣದಲ್ಲಿ ಅದಕ್ಕೆ ತುಟಿ ಆಡಿಸಿದರಾಯಿತು!

ಸಣ್ಣ ಪಾತ್ರಗಳಲ್ಲೇ ದುಡಿಯುತ್ತಿದ್ದ ಅಮೀರಬಾಯಿಯವರಿಗೆ ಇದು ಹೊಸ ದಾರಿ. 1943ರ ‘ಕಿಸ್ಮತ್’ನಲ್ಲಿ ನಾಯಕಿ ಮುಮ್ತಾಜ್ ಶಾಂತಿಗೆ ದನಿಯಾದವರು ಅವರೇ. ಪೋಷಕ ನಟಿಗೆ ನಟನೆ ಕೊಡದ ಕೀರ್ತಿಯನ್ನು ದನಿ ತಂದಿತು. ಆದರೆ ಆ ದನಿಗೆ ಪ್ರೇಕ್ಷಕರು ತೆರೆಯ ಮೇಲೆ ಕಂಡದ್ದು ಇನ್ನೊಬ್ಬರ ಮುಖ.