ನಿಮಗಿದು ಗೊತ್ತೆ? ಮೂಳೆಯಿಲ್ಲದ ಕಡೆಯೂ ‘ಫ್ರಾಕ್ಚರ್’!
ಶಿಶ್ನದಲ್ಲಿ ಮೂಳೆಯೇ ಇಲ್ಲ. ಆದರೂ ಅದರ ಒಂದು ಗಾಯವನ್ನು ವೈದ್ಯರು ‘ಫ್ರಾಕ್ಚರ್’ ಎನ್ನುತ್ತಾರೆ. ಇಲ್ಲಿ ಹರಿದುಹೋಗುವುದು, ರಕ್ತ ತುಂಬಿಕೊಳ್ಳುವ ಅಂಗಾಂಶದ ಸುತ್ತಲಿನ ಗಟ್ಟಿ ಪೊರೆ. ಸುಮಾರು 2 ಮಿ.ಮೀ. ದಪ್ಪದ ಈ ಪೊರೆ, ನಿಮಿರಿದಾಗ ಅರ್ಧ ಮಿ.ಮೀ.ಗಿಂತಲೂ ತೆಳುವಾಗಬಹುದು. ಸಂಭೋಗದ ವೇಳೆ ಅಂಗ ಜಾರಿ ಬಲವಾಗಿ ಬಾಗಿದರೆ ಪೊರೆ ಹರಿದು ‘ಟಪ್’ ಎಂಬ ಸದ್ದು, ನೋವು; ನಿಮಿರುವಿಕೆ ಥಟ್ಟನೆ ಇಳಿದು ಅಂಗ ಊದಿಕೊಂಡು ಬದನೆಕಾಯಿ ಬಣ್ಣಕ್ಕೆ ತಿರುಗುತ್ತದೆ. ಇರಾನಿನ ಕೆರ್ಮಾನ್‌ಷಾ ಭಾಗದಲ್ಲಿ ನಿಮಿರಿದ ಅಂಗವನ್ನು ಬಗ್ಗಿಸಿ ನೆಟಿಗೆ ತೆಗೆಯುವ ಅಭ್ಯಾಸದಿಂದಲೇ (ಯಾಕಾದರೂ ಬೇಕೋ!) ಅನೇಕರು ಆಸ್ಪತ್ರೆ ಸೇರಿದ್ದಾರೆ. ಇಂಥ ಪೆಟ್ಟಾದರೆ ನಾಚಿಕೊಂಡು ಮನೆಯಲ್ಲಿ ಕೂರಬೇಡಿ. ಬಟ್ಟೆಯಲ್ಲಿ ಸುತ್ತಿದ ಐಸ್ ಇಟ್ಟುಕೊಂಡು ಕೂಡಲೇ ತುರ್ತು ಚಿಕಿತ್ಸಾ ವಿಭಾಗಕ್ಕೆ ಹೋಗಿ. ಮೂತ್ರದಲ್ಲಿ ರಕ್ತ ಕಂಡರೆ ಮೂತ್ರನಾಳಕ್ಕೂ ಪೆಟ್ಟಾಗಿರಬಹುದು. ಹರಿದ ಪೊರೆಯನ್ನು ಬೇಗ ಹೊಲಿದರೆ ಹೆಚ್ಚಿನವರು ಮೊದಲಿನಂತಾಗುತ್ತಾರೆ; ತಡವಾದಷ್ಟೂ ಅಂಗ ಡೊಂಕಾಗುವ, ನಿಮಿರುವಿಕೆ ಕುಂದುವ ಅಪಾಯ ಹೆಚ್ಚು.