ಕಂಬದಂತೆ ನಿಲ್ಲುವ ಕಳ್ಳಿ
ಬಾಡಿಗೆ ಕೋಣೆಯವರೂ ಬೆಳೆಸಬಹುದಾದ ಗಿಡ

ಒಂದು ಹಸುರು ಗಿಡ ಕಣ್ಣೆದುರಿಗಿರಲಿ ಎಂಬ ಆಸೆ, ಊರು ಬಿಟ್ಟು ಬಂದ ನಮ್ಮವರಲ್ಲಿ ಯಾರಿಗಿಲ್ಲ? ಆದರೆ ಮುಂಬಯಿಯ ಚಾಳಿನಲ್ಲಾಗಲಿ, ಪುಣೆಯ ಬಾಡಿಗೆ ಕೋಣೆಯಲ್ಲಾಗಲಿ ಅಂಗಳವೆಂಬುದಿಲ್ಲ. ಬೆಳಗಿನ ಜಾವ ಹೋಟೆಲಿಗೆ ಹೋದವರು ಮರಳುವುದು ರಾತ್ರಿ. ವರ್ಷಕ್ಕೊಮ್ಮೆ ರಜೆಯ ಮೇಲೆ ಊರಿಗೆ ಹೊರಟರೆ ತಿಂಗಳುಗಟ್ಟಲೆ ನೀರೆರೆಯುವವರಿಲ್ಲ. ತುಳಸಿ, ಮಲ್ಲಿಗೆಗಳು ಇಂಥ ಉಪೇಕ್ಷೆಯನ್ನು ಸಹಿಸಲಾರವು. ಸಹಿಸುವ ಸಸ್ಯವೊಂದುಂಟು, ಕಂಬದಂತೆ ನೆಟ್ಟಗೆ ಮೇಲೇಳುವ ಕಳ್ಳಿಯೇ ಅದು.

ಕಳ್ಳಿಯೆಂದೊಡನೆ ನಮಗೆ ನೆನಪಾಗುವುದು ಊರ ಹೊಲದ ಬೇಲಿ. ಆದರೆ ಬೇಲಿಯ ಚದುರಗಳ್ಳಿಗೂ ನಾವಿಲ್ಲಿ ಹೇಳಹೊರಟ ಗಿಡಕ್ಕೂ ರೂಪದ ಹೋಲಿಕೆಯೇ ಹೊರತು ಕುಲದ ನಂಟಿಲ್ಲ. ಚದುರಗಳ್ಳಿಯನ್ನು ಗೀರಿದರೆ ಹಾಲು ಒಸರುತ್ತದೆ. ಅದು ಕಣ್ಣಿಗೆ ಬಿದ್ದರೆ ಅಪಾಯ. ಕಂಬದಂಥ ಕ್ಯಾಕ್ಟಸ್ಸಿನಲ್ಲಿರುವುದು ನೀರಿನಂಥ ರಸ; ಮುಳ್ಳುಗಳು ಪುಟ್ಟ ಮೆತ್ತೆಗಳಿಂದ ಗೊಂಚಲಾಗಿ ಹೊರಡುತ್ತವೆ. ಈ ಕುಲದ ತವರು ಅಮೆರಿಕ ಖಂಡಗಳು. ನಮ್ಮ ಪಾಪಾಸುಕಳ್ಳಿಯೂ ಇದೇ ಕುಲದ್ದು, ಅಲ್ಲಿಂದಲೇ ವಲಸೆ ಬಂದದ್ದು.

ಮರುಭೂಮಿಯ ಹಿರಿಯ

ಈ ಬಳಗದಲ್ಲಿ ಜಗತ್ಪ್ರಸಿದ್ಧವಾದುದು ಸಗ್ವಾರೊ. ಅಮೆರಿಕದ ಅರಿಜೋನಾದಿಂದ ಮೆಕ್ಸಿಕೋವರೆಗೆ ಹಬ್ಬಿರುವ ಸೊನೊರಾ ಮರುಭೂಮಿ ಇದರ ನೆಲೆ. ಬೇರೊಂದು ಪೊದೆಯ ನೆರಳಿನಲ್ಲಿ, ದಾದಿಯ ಮಡಿಲಲ್ಲೆಂಬಂತೆ, ಮೊಳೆಯುವ ಈ ಸಸಿ ಮೊದಲ 8 ವರ್ಷಗಳಲ್ಲಿ ಒಂದೆರಡು ಅಂಗುಲವಷ್ಟೇ ಬೆಳೆಯುತ್ತದೆ. ಮೊದಲ ತೋಳು ಮೂಡಲು ಸಾಮಾನ್ಯವಾಗಿ 50ರಿಂದ 75 ವರ್ಷ ಬೇಕು. ಕೊನೆಗೆ 40 ಅಡಿಯೆತ್ತರಕ್ಕೇರಿ, 150 ವರ್ಷಗಳನ್ನೂ ಮೀರಿ ಬಾಳುವುದುಂಟು. ಕಾಂಡದ ಮಡಿಕೆಗಳು ಮಳೆ ಬಂದಾಗ ಹಾರ್ಮೋನಿಯಮ್ಮಿನ ತಿದಿಯಂತೆ ಹಿಗ್ಗಿ ನೀರನ್ನು ತುಂಬಿಕೊಳ್ಳುತ್ತವೆ, ಬರದಲ್ಲಿ ಕುಗ್ಗುತ್ತವೆ.

ಇದರ ಇನ್ನೊಂದು ಗುಟ್ಟು ರಾತ್ರಿ ಪಾಳಿಯ ನಮ್ಮ ಬಂಧುಗಳಿಗೆ ಮೆಚ್ಚಾದೀತು. ಬೇರೆ ಗಿಡಗಳು ಹಗಲಿನಲ್ಲಿ ಉಸಿರಿನ ರಂಧ್ರಗಳನ್ನು ತೆರೆದರೆ, ಕ್ಯಾಕ್ಟಸ್ ಬಿಸಿಲಿನಲ್ಲಿ ಅವನ್ನು ಮುಚ್ಚಿ, ತಂಪಾದ ರಾತ್ರಿಯಲ್ಲಿ ತೆರೆದು, ಇಂಗಾಲಾಮ್ಲ ವಾಯುವನ್ನು ಹೀರಿ ಕೂಡಿಡುತ್ತದೆ. ಆದುದರಿಂದ ನೀರು ವ್ಯರ್ಥವಾಗದು. ಆದರೆ ಸಹನೆಗೂ ಮಿತಿಯುಂಟು. 2023ರ ಬೇಸಗೆಯಲ್ಲಿ ಅರಿಜೋನಾದ ಫೀನಿಕ್ಸ್ ನಗರದಲ್ಲಿ ಸತತ 31 ದಿನ ತಾಪಮಾನ 43 ಡಿಗ್ರಿ ಸೆಲ್ಸಿಯಸನ್ನು ಮೀರಿತು, ರಾತ್ರಿಗಳೂ ತಣಿಯಲಿಲ್ಲ. ವಿಶ್ರಾಂತಿಯೇ ದೊರೆಯದ ಸಗ್ವಾರೊಗಳ ತೋಳುಗಳು ಕಳಚಿಬಿದ್ದವು. ಕೆಲವು ಬುಡಸಹಿತ ಉರುಳಿದವು. ಎಂಥ ಗಟ್ಟಿ ಜೀವಕ್ಕೂ ಬಿಡುವು ಬೇಕೆಂಬುದಕ್ಕೆ ಬೇರೆ ನಿದರ್ಶನವೇಕೆ?

ಕುಂಡದಲ್ಲಿ ಬೆಳೆಸುವ ಕ್ರಮ

ಸಗ್ವಾರೊವಿನ ನಿಧಾನ ನಮಗೆ ಒಗ್ಗದು. ಕುಂಡಕ್ಕೆ ತಕ್ಕದ್ದು ದಕ್ಷಿಣ ಅಮೆರಿಕದ ಸೀರಿಯಸ್. ಲ್ಯಾಟಿನ್ ಭಾಷೆಯಲ್ಲಿ ಇದಕ್ಕೆ ಮೇಣದ ಬತ್ತಿಯೆಂಬ ಅರ್ಥವಿದೆ. ಒಳ್ಳೆಯ ಬೆಳಕಿದ್ದರೆ ವರ್ಷಕ್ಕೆ ಒಂದಡಿಯಷ್ಟು ಬೆಳೆಯಬಲ್ಲದು. ಬಲಿತ ಗಿಡದ ದೊಡ್ಡ ಬಿಳಿಯ ಹೂ ರಾತ್ರಿ ಅರಳಿ ಬೆಳಗಿನಲ್ಲಿ ಬಾಡುತ್ತದೆ.

ಬೆಳೆದ ಗಿಡವುಳ್ಳ ಪರಿಚಿತರಿಂದ ಒಂದಡಿಯ ತುಂಡನ್ನು ಶುಚಿಯಾದ ಚಾಕುವಿನಿಂದ ಕೊಯ್ಯಿಸಿಕೊಳ್ಳಿರಿ. ಮುಳ್ಳಿನ ಭಯವಿದ್ದರೆ, ಓದಿ ಮುಗಿದ ಈ ಪತ್ರಿಕೆಯನ್ನೇ ಪಟ್ಟಿಯಾಗಿ ಮಡಿಚಿ, ಸುತ್ತಿ ಹಿಡಿಯಬಹುದು. ಅವಸರದಿಂದ ನೆಡಕೂಡದು. ಎರಡು ವಾರ ನೆರಳಿನಲ್ಲಿಟ್ಟು, ಕೊಯ್ದ ಗಾಯ ಒಣಗಿ ಗಟ್ಟಿಯಾದ ಮೇಲೆ, ಬುಡದ ತುದಿ ಕೆಳಗಿರುವಂತೆ ಎರಡು ಮೂರು ಅಂಗುಲ ಆಳಕ್ಕೆ ನೆಟ್ಟು ಕೋಲಿನ ಆಸರೆ ಕೊಡಬೇಕು. ತಳದಲ್ಲಿ ತೂತುಳ್ಳ ಮಣ್ಣಿನ ಕುಂಡವೇ ಉತ್ತಮ. ಮಣ್ಣು, ದಪ್ಪ ಮರಳು, ಇಟ್ಟಿಗೆಯ ಚೂರು ಸಮಪಾಲಾಗಿರಲಿ. ಕಳಿತ ಗೊಬ್ಬರ ಒಂದು ಹಿಡಿ ಸಾಕು. ಉಪ್ಪಿರುವುದರಿಂದ ಕಡಲ ತೀರದ ಮರಳು ಸಲ್ಲದು. ನೆಟ್ಟ ಒಂದೆರಡು ವಾರ ನೀರು ಬೇಡ.

ಈ ಗಿಡ ಬಾಯಾರಿ ಸಾಯುವುದು ವಿರಳ; ಅತಿಯಾದ ಅಕ್ಕರೆಯಿಂದ ಸಾಯುವುದೇ ಹೆಚ್ಚು. ಮಣ್ಣು ಪೂರ್ತಿ ಒಣಗಿದ ಮೇಲೆ ತಳದಿಂದ ಹರಿಯುವಷ್ಟು ನೀರೆರೆದು, ಮತ್ತೆ ಒಣಗುವವರೆಗೆ ಸುಮ್ಮನಿರಬೇಕು. ಚಳಿಗಾಲದಲ್ಲಿ ಇನ್ನೂ ಕಡಮೆ ಸಾಕು. ಮುಂಬಯಿಯ ಮಳೆ ಹಿಡಿದಾಗ ಕುಂಡವನ್ನು ಮಾಡಿನ ಕೆಳಗೆ ಸರಿಸತಕ್ಕದ್ದು. ಬುಡ ಕಂದಾಗಿ ಮೆತ್ತಗಾದರೆ ಕೊಳೆಯುತ್ತಿದೆಯೆಂದೇ ತಿಳಿಯಿರಿ. ಆಗಲೂ ಎದೆಗುಂದಬೇಕಿಲ್ಲ, ಮೇಲಿನ ಆರೋಗ್ಯವಾದ ಭಾಗವನ್ನು ಕೊಯ್ದು, ಒಣಗಿಸಿ, ಹೊಸ ಮಣ್ಣಿನಲ್ಲಿ ನೆಟ್ಟರೆ ಸಂಸಾರ ಮತ್ತೆ ಹೂಡಿದಂತೆಯೇ.

ಬೆಳಕು ಸಾಲದಿದ್ದರೆ ತುದಿ ಬಿಳಿಚಿ ಸಣಕಲಾಗುತ್ತದೆ. ಗ್ಯಾಲರಿಯಲ್ಲಿ ಬಿಸಿಲು ಬೀಳುವ ಕಡೆ ಇಡಿರಿ; ನೆರಳಿನಿಂದ ತಂದುದಾದರೆ ಬಿಸಿಲನ್ನು ದಿನದಿನಕ್ಕೆ ಸ್ವಲ್ಪ ಸ್ವಲ್ಪವೇ ರೂಢಿ ಮಾಡಿಸಿರಿ. ಕುಂಡವನ್ನು ಆಗಾಗ ತಿರುಗಿಸಿದರೆ ಗಿಡ ವಾಲದು. ಮುಳ್ಳಿನ ಬುಡದಲ್ಲಿ ಅರಳೆಯಂಥ ಬಿಳಿಯ ಹುಳ ಕಂಡರೆ ಸ್ಪಿರಿಟ್ಟಿನಲ್ಲಿ ಅದ್ದಿದ ಹತ್ತಿಯಿಂದ ಒರಸಿರಿ. ಕಟಕಟೆಯ ಮೇಲೆ ಮಾತ್ರ ಇಡಲೇಬಾರದು. ಎತ್ತರವಾದಂತೆ ತಲೆಭಾರವಾಗುವ ಗಿಡ ಉರುಳಿದರೆ ಕೆಳಗೆ ಹೋಗುವವರ ಜೀವಕ್ಕೇ ಸಂಚಕಾರ.

ಇಷ್ಟು ಎಚ್ಚರಿಕೆಯಿದ್ದರೆ ಸಾಕು. ಊರಿಗೆ ಹೊರಡುವ ಮುನ್ನ ಒಮ್ಮೆ ನೀರುಣಿಸಿ, ಕುಂಡವನ್ನು ಗೋಡೆಯ ಬದಿಗೆ ಸರಿಸಿ, ನಿಶ್ಚಿಂತೆಯಿಂದ ಗಾಡಿ ಹತ್ತಬಹುದೆಂದು ನಮ್ಮ ವಾಚಕರಿಗೆ ಸೂಚಿಸುತ್ತೇವೆ.